ಮೆಷಿನ್ ಬಣ್ಣದ ಗೋಡೆ

ಮದುವೆಯಾಗಿ ರಾಜಾಜಿನಗರಕ್ಕೆ ಬಂದ ಮೊದಲ ಎರಡು ವರ್ಷ ನಾನು ಮಾವನವರ ಮುಖ ನೋಡಿದ್ದಕ್ಕಿಂತ ಅಡುಗೆಮನೆ ಬಾಗಿಲಿನ ಹಿಂಬದಿ ನೋಡಿದ್ದೇ ಹೆಚ್ಚು. ಸೊಸೆ ಮಾವನ ಜೊತೆ ನೇರವಾಗಿ ಮಾತಾಡಬಾರದು ಎಂಬುದು ಆ ಮನೆಯ ಪದ್ಧತಿ. ಅವರು ನಡುಮನೆಯ ಕುರ್ಚಿಯಲ್ಲಿ ಕೂತು, "ಅವಳಿಗೆ ಹೇಳು, ಕಾಫಿಗೆ ಸಕ್ಕರೆ ಜಾಸ್ತಿ ಆಯ್ತು" ಅನ್ನುವರು. ಬಾಗಿಲ ಹಿಂದೆ ನಿಂತ ನನಗೆ ಅದು ಸ್ಪಷ್ಟವಾಗಿಯೇ ಕೇಳಿಸುತ್ತಿತ್ತು. ಆದರೂ ಅತ್ತೆ ನನ್ನ ಕಡೆ ತಿರುಗಿ "ಸಕ್ಕರೆ ಜಾಸ್ತಿ ಆಯ್ತಂತೆ" ಎಂದ ಮೇಲೆಯೇ ನಾನು "ನಾಳೆಯಿಂದ ಕಮ್ಮಿ ಹಾಕ್ತೀನಿ ಅಂತ ಹೇಳಿ ಅತ್ತೆ" ಅನ್ನಬೇಕು. ನಾಲ್ಕು ಹೆಜ್ಜೆ ದೂರದ ಮಾತಿಗೆ ಅತ್ತೆ ಅಂಚೆಯಣ್ಣನ ಕೆಲಸ ಮಾಡುತ್ತಿದ್ದರು. ನನಗೆ ಮೈಯೆಲ್ಲ ಉರಿಯುತ್ತಿತ್ತು.

ಎಪ್ಪತ್ತರ ದಶಕದ ನಡುವಿನ ಮಾತು. ನಾದಿನಿಯ ಮದುವೆ ವೈಶಾಖದಲ್ಲಿ ಗೊತ್ತಾಗಿತ್ತು, ಮನೆ ಮುಂದೆಯೇ ಚಪ್ಪರ. ಅದಕ್ಕೆಂದು ಮನೆಯ ಹೊರಗೋಡೆಗೆಲ್ಲ ಹೊಸದಾಗಿ ಸಿಮೆಂಟ್ ಗಾರೆ ಮಾಡಿಸಿದ್ದರು. ಬಣ್ಣ ಹೊಡೆಯುವುದೊಂದು ಬಾಕಿ. ಯುಗಾದಿ ಮುಗಿದ ಭಾನುವಾರ ಮಾವ ನಡುಮನೆಯಲ್ಲಿ ಬಣ್ಣದ ಡಬ್ಬಗಳನ್ನು ಸಾಲಾಗಿ ಇಟ್ಟರು. ಅವರು ಇಂಡಸ್ಟ್ರಿಯಲ್ ಎಸ್ಟೇಟಿನ ಒಂದು ಕಾರ್ಖಾನೆಯಲ್ಲಿ ಮೆಷಿನ್‌ಗಳಿಗೆ ಬಣ್ಣ ಹೊಡೆಯುವ ವಿಭಾಗದ ಮೇಸ್ತ್ರಿ. ಡಬ್ಬದಲ್ಲಿದ್ದದ್ದೂ ಅದೇ ಮೆಷಿನ್ ಬಣ್ಣ, ಹಸಿರು ಎಣ್ಣೆಬಣ್ಣ. ಹಳೆಯ ಸರಕೆಂದು ಕಾರ್ಖಾನೆಯವರು ಕೆಲಸಗಾರರಿಗೆ ಹಂಚಿದ್ದರಂತೆ.

"ಬಾಗಿಲು, ಕಿಟಕಿ, ಗೋಡೆ, ಎಲ್ಲಕ್ಕೂ ಇದೇನೇ" ಎಂದರು. "ಇಪ್ಪತ್ತು ವರ್ಷದಿಂದ ನೋಡ್ತಾ ಇದೀನಿ. ಮೆಷಿನ್ ಬಯಲಲ್ಲಿ ನಿಂತು ಮಳೇಲಿ ನೆಂದ್ರೂ ಒಂದು ಚಕ್ಕೆ ಏಳಲ್ಲ. ವರ್ಷವರ್ಷ ಸುಣ್ಣ ಬಳಿಯೋ ತಾಪತ್ರಯ ಇವತ್ತಿಗೆ ಮುಗೀತು."

ಬಾಗಿಲ ಹಿಂದೆ ನನ್ನ ನಾಲಿಗೆ ನಿಲ್ಲಲಿಲ್ಲ. ದಾವಣಗೆರೆಯಲ್ಲಿ ನಮ್ಮಪ್ಪನದು ಸುಣ್ಣ, ಬಣ್ಣ, ಮೊಳೆಯ ಅಂಗಡಿ. ನಾನು ಲಂಗ ಹಾಕುವ ವಯಸ್ಸಿನಲ್ಲೇ ಗಿರಾಕಿಗಳಿಗೆ ಹೇಳುತ್ತಿದ್ದೆ: ಮರಕ್ಕೆ, ಕಬ್ಬಿಣಕ್ಕೆ ಎಣ್ಣೆಬಣ್ಣ, ಹೊರಗೋಡೆಗೆ ನೀರಲ್ಲಿ ಕಲಸುವ ಸಿಮೆಂಟ್ ಬಣ್ಣ. ಹೊಸ ಗಾರೆಯ ಹೊಟ್ಟೆಯಲ್ಲಿ ತಿಂಗಳುಗಟ್ಟಲೆ ನೀರಿರುತ್ತದೆ. ಎಣ್ಣೆಬಣ್ಣ ಹೊಡೆದರೆ ಅದಕ್ಕೆ ಹೊರಬರಲು ದಾರಿಯಿಲ್ಲದೆ ಬಣ್ಣವನ್ನೇ ಎತ್ತಿಬಿಡುತ್ತದೆ.

"ಅತ್ತೆ, ಹೊಸ ಗೋಡೆಗೆ ಆಯಿಲ್ ಪೇಂಟ್ ಬೇಡ ಅಂತ ಹೇಳಿ. ಗುಳ್ಳೆ ಏಳುತ್ತೆ. ಕಬ್ಬಿಣ ನೀರು ಕುಡಿಯಲ್ಲ, ಗೋಡೆ ಕುಡಿಯುತ್ತೆ."

ಅತ್ತೆ ನನ್ನನ್ನು ದುರುಗುಟ್ಟಿ ನೋಡಿದರು. ಆದರೂ ಮಾತು ತಲುಪಿಸಿದರು, ಅರ್ಧ ದನಿಯಲ್ಲಿ.

"ಅವಳಿಗೆ ಹೇಳು, ನಾನು ಬ್ರಷ್ ಹಿಡಿದಾಗ ಅವಳಿನ್ನೂ ತೊಟ್ಟಿಲಲ್ಲಿದ್ಲು."

ಅಲ್ಲಿಗೆ ಬಾಯಿ ಮುಚ್ಚಿಕೊಂಡಿದ್ದರೆ ಎಲ್ಲರಿಗೂ ಕ್ಷೇಮವಿತ್ತು. ನಾನು ಮುಚ್ಚಿಕೊಳ್ಳಲಿಲ್ಲ. ಬಚ್ಚಲುಮನೆ ಪಕ್ಕದ ಹಿಂದಿನ ಗೋಡೆಯಲ್ಲಿ ಅರ್ಧ ಅವರ ಬಣ್ಣ, ಅರ್ಧ ನನ್ನ ಬಣ್ಣ ಹೊಡೆದು ನೋಡೋಣವೆಂದು ಹೇಳಿಸಿದೆ. ಮಾವ ನಕ್ಕರು. ಆ ನಗು ನನಗೆ ಬೈಗುಳಕ್ಕಿಂತ ಹೆಚ್ಚು ಚುಚ್ಚಿತು.

"ಆಗ್ಲಿ. ಆದ್ರೆ ಅವಳ ಅರ್ಧ ಉದುರಿದ್ರೆ, ಈ ಮನೇಲಿ ಇನ್ಮೇಲೆ ಯಾವ ವಿಷಯಕ್ಕೂ ಅವಳು ಬಾಯಿ ಹಾಕಬಾರ್ದು. ಅದನ್ನೂ ಹೇಳು."

ಅತ್ತೆ ಅದನ್ನು ಹೇಳಲಿಲ್ಲ. ಹೇಳುವ ಅಗತ್ಯವೂ ಇರಲಿಲ್ಲ. ನಮ್ಮ ಯಜಮಾನರು ಮಾತ್ರ ರೂಮಿಗೆ ಬಂದು, "ಬೇಕಿತ್ತಾ ನಿಂಗಿದು? ಅಪ್ಪ ಹೇಳಿದ್ರೆ ಹೇಳಿದ್ಹಾಗೇನೆ" ಅಂದರು. ಉಳಿದ ಆಯುಷ್ಯವೆಲ್ಲ ಸಕ್ಕರೆ, ಉಪ್ಪಿನ ಲೆಕ್ಕ ಒಪ್ಪಿಸಿಕೊಂಡು ಬಾಗಿಲ ಹಿಂದೆ ನಿಲ್ಲಬೇಕಾಗುತ್ತದೆಂದು ನನಗೆ ನಿಜವಾಗಿ ಭಯವಾಯಿತು.

ಮಾವ ತಮ್ಮ ಅರ್ಧವನ್ನು ಹೊಡೆದರು. ಒಪ್ಪಲೇಬೇಕು, ಎಂಥ ಕೈ! ಬ್ರಷ್ಷಿನ ಒಂದು ಗೆರೆ ಕಾಣಲಿಲ್ಲ. ಅವರು ಸ್ನಾನಕ್ಕೆ ಹೋದ ಮೇಲೆ ನಾನು ಯಜಮಾನರಿಂದ ತರಿಸಿದ ಕೆನೆಬಣ್ಣದ ಸಿಮೆಂಟ್ ಪುಡಿಯನ್ನು ಕಲಸಿ ಗೋಡೆ ಒದ್ದೆ ಮಾಡಿ ಬಳಿದೆ. ಮರುದಿನ ಬೆಳಿಗ್ಗೆ ಹೋಗಿ ಅಂಗೈಯಲ್ಲಿ ಸವರಿ ನೋಡಿದರೆ ಅಂಗೈ ತುಂಬ ಪುಡಿ. ಬಣ್ಣ ಮಾರುವುದು ಗೊತ್ತಿತ್ತೇ ಹೊರತು ನಾನೆಂದೂ ಹೊಡೆದವಳಲ್ಲ. ಬಣ್ಣಕ್ಕೆ ನಾಲ್ಕು ದಿನ ನೀರು ಕುಡಿಸಿ, ಇಲ್ಲದಿದ್ದರೆ ಉದುರುತ್ತದೆ ಎಂದು ಅಪ್ಪ ಪ್ರತಿ ಗಿರಾಕಿಗೂ ಹೇಳುತ್ತಿದ್ದದ್ದು ಆಗ ನೆನಪಾಯಿತು. ಮತ್ತೊಂದು ಕೈ ಬಳಿದೆ.

ನೀರು ಎಲ್ಲಿಂದ ತರಲಿ? ನಲ್ಲಿ ಬರುತ್ತಿದ್ದದ್ದು ದಿನ ಬಿಟ್ಟು ದಿನ, ಬೆಳಗಿನ ಎರಡು ಗಂಟೆ ಹೊತ್ತು. ಅತ್ತೆ ಬಿಂದಿಗೆಗಳನ್ನು ಎಣಿಸಿಯೇ ಮುಚ್ಚಳ ಮುಚ್ಚುತ್ತಿದ್ದರು. ನಾನು ನನ್ನ ಸ್ನಾನದ ನೀರಲ್ಲಿ ಅರ್ಧ ಉಳಿಸಿ, ಚೊಂಬಿನಿಂದ ಗೋಡೆಗೆ ಚಿಮುಕಿಸತೊಡಗಿದೆ. ಎರಡನೇ ದಿನವೇ ಸಿಕ್ಕಿಬಿದ್ದೆ.

"ಕುಡಿಯೋಕೇ ನೀರಿಲ್ಲ, ಗೋಡೆಗೆ ಅಭಿಷೇಕ ಮಾಡ್ತಿದೀಯೇನೇ?" ಅತ್ತೆ ನನ್ನ ಕೈಯಿಂದ ಚೊಂಬು ಕಿತ್ತುಕೊಂಡರು.

"ಇಲ್ಲಾಂದ್ರೆ ಉದುರುತ್ತೆ ಅತ್ತೆ. ನಾನು ಸೋತುಹೋಗ್ತೀನಿ."

"ನೀನೊಬ್ಳೇ ಸೋಲಲ್ಲ ಕಣೇ. ನಿನ್ನ ಮಾತನ್ನ ಅವರ ಮುಂದೆ ಆಡಿದೋಳು ನಾನು. ಎರಡು ದಿನದಿಂದ ಅವರು ನನ್ ಜೊತೆ ಮಾತಾಡಿಲ್ಲ, ಗೊತ್ತಾ?"

ನನಗೆ ಗೊತ್ತಿರಲಿಲ್ಲ. ಬಾಗಿಲ ಹಿಂದೆ ನಿಂತವಳಿಗೆ ತನ್ನ ಕಷ್ಟವೊಂದೇ ಕಂಡಿತ್ತು, ನನಗೆ ನಾಚಿಕೆಯಾಯಿತು. ಅತ್ತೆ ಚೊಂಬಿನಲ್ಲಿದ್ದ ನೀರನ್ನು ತಾವೇ ಗೋಡೆಗೆ ಎರಚಿ ಒಳಗೆ ಹೋದರು. ಮಾರನೆಯ ದಿನದಿಂದ ಬಚ್ಚಲ ಬಾಗಿಲಲ್ಲಿ ಒಂದು ಚೊಂಬು ನೀರು ಬೇರೆಯಾಗಿ ಇರುತ್ತಿತ್ತು.

ಆಮೇಲೆ ಕಾಯುವ ಕೆಲಸ. ಮಾವನ ಹಸಿರು ಬಿಸಿಲಿಗೆ ಕನ್ನಡಿಯ ಹಾಗೆ ಹೊಳೆಯುತ್ತಿತ್ತು. ಬಂದ ನೆಂಟರನ್ನೆಲ್ಲ ಹಿಂದಕ್ಕೆ ಕರೆದುಕೊಂಡು ಹೋಗಿ ತೋರಿಸುವರು. ನನ್ನ ಅರ್ಧ ಅದರ ಪಕ್ಕದಲ್ಲಿ ಜ್ವರ ಬಿಟ್ಟವರ ಮುಖದಂತೆ ಸಪ್ಪಗೆ ಕೂತಿತ್ತು. ಎರಡು ವಾರವಾದರೂ ಹಸಿರಲ್ಲಿ ಒಂದು ಗುಳ್ಳೆಯೂ ಕಾಣಲಿಲ್ಲ. ನನ್ನ ಅಪ್ಪನಿಗೇ ತಪ್ಪು ತಿಳಿದಿತ್ತೇನೋ ಎಂದು ನನಗೇ ಅನುಮಾನ ಶುರುವಾಯಿತು. ಮದುವೆಗೆ ಹನ್ನೆರಡು ದಿನ ಇರುವಾಗ ಮಾವ ಊಟದ ಎಲೆಯ ಮುಂದೆ ಕೂತು, "ಅವಳಿಗೆ ಹೇಳು, ಭಾನುವಾರ ಗೋಡೆ ಶುರು ಮಾಡ್ತೀನಿ" ಎಂದರು. ನಾನು ಸಾರು ಬಡಿಸಲು ಅತ್ತೆಯ ಕೈಗೇ ಕೊಟ್ಟೆ. ಹಿತ್ತಲಿಗೆ ಹೋಗಿ ಮತ್ತೊಮ್ಮೆ ಆ ಹಸಿರನ್ನು ತಡವಿ ನೋಡಿದೆ.

ಗುರುವಾರ ಸಂಜೆ ಗುಡುಗು ಸಹಿತ ಮಳೆ ಹೊಡೆಯಿತು. ಶುಕ್ರವಾರ ಸುಡುವ ಬಿಸಿಲು. ಶನಿವಾರ ಬೆಳಿಗ್ಗೆ ನಾನು ಬಚ್ಚಲ ಒಲೆಗೆ ಸೌದೆ ಒಡ್ಡುತ್ತಿದ್ದಾಗ ಮಾವ ಕಾಫಿ ಲೋಟ ಹಿಡಿದು ಹಿತ್ತಲಿಗೆ ಬಂದರು. ಗೋಡೆಯ ಮುಂದೆ ನಿಂತವರು ಲೋಟವನ್ನು ತುಟಿಗೆ ಒಯ್ಯಲೇ ಇಲ್ಲ. ಹಸಿರಿನ ಮೇಲೆ ಅಂಗೈಯಗಲದ ಗುಳ್ಳೆಗಳು ಎದ್ದಿದ್ದವು. ಒಂದನ್ನು ಹೆಬ್ಬೆರಳಿಂದ ಒತ್ತಿದರು. ಸಿಪ್ಪೆ ಒಡೆದು ಒಳಗಿನ ನೀರು ಅವರ ಮುಂಗೈಗೆ ಇಳಿಯಿತು. ನಂತರ ನನ್ನ ಅರ್ಧವನ್ನು ಜೋರಾಗಿ ಉಜ್ಜಿ ಅಂಗೈ ನೋಡಿಕೊಂಡರು. ಅಂಗೈಗೆ ಏನೂ ಹತ್ತಿರಲಿಲ್ಲ. ಸೈಕಲ್ ಹತ್ತಿ ಹೋದರು.

ಗೆದ್ದೆ ಎಂದು ಕುಣಿಯಬೇಕಿತ್ತು. ಇಪ್ಪತ್ತು ವರ್ಷದ ಕಸುಬುದಾರ ಸೊಸೆಯ ಕಣ್ಣೆದುರೇ ಸೋತು ಒದ್ದೆ ಕೈಯನ್ನು ಪಂಚೆಗೆ ಒರೆಸಿಕೊಂಡದ್ದು ನೋಡಿ, ನಾನು ಒಲೆಯ ಕಡೆ ಮುಖ ತಿರುಗಿಸಿ ಸೌದೆ ತುರುಕಿದೆ. ಸಂಜೆ ಏನು ಕಾದಿದೆಯೋ ಎಂದು ಅತ್ತೆ, ನಾನು ಇಬ್ಬರೂ ಸರಿಯಾಗಿ ಊಟ ಮಾಡಲಿಲ್ಲ. ಸಂಜೆ ಸೈಕಲ್ ಕ್ಯಾರಿಯರ್ ಮೇಲೆ ಸಿಮೆಂಟ್ ಬಣ್ಣದ ಚೀಲ ಬಂತು.

ಭಾನುವಾರ ಬೆಳಗಾಗುವುದರೊಳಗೆ ಮಾವ ಹಸಿರು ಬಣ್ಣವನ್ನು ಒಳಬಾಗಿಲುಗಳಿಗೆ ಹೊಡೆಯತೊಡಗಿದ್ದರು. ಆಮೇಲೆ ನಡುಮನೆಯಲ್ಲೇ ಬಕೆಟ್ಟಿಟ್ಟು ಪುಡಿ ಸುರಿದುಕೊಂಡು ಕೂಗಿದರು:

"ಇವಳೇ, ಅವಳನ್ನ ಕೇಳು, ನೀರೆಷ್ಟು ಹಾಕ್ಬೇಕಂತೆ?"

ಅತ್ತೆ ತಾರಸಿಯ ಮೇಲೆ ಮದುವೆಯ ಸಂಡಿಗೆ ಇಡುತ್ತಿದ್ದರು. ಅವರಿಗೆ ಕೇಳಿಸಲಿಲ್ಲ. ಮಾವ ಮತ್ತೆ ಕೂಗಿದರು. ನಾನು ಒಲೆ ಬಿಟ್ಟು ಬಂದು, ಅಭ್ಯಾಸಬಲದಿಂದ ಬಾಗಿಲ ಹಿಂದೆ ಸರಿದು ಅದರ ಮೇಲೆ ಕೈಯಿಟ್ಟೆ. ಅಂಗೈ ತಣ್ಣಗೆ ಅಂಟಿತು. ಬಾಗಿಲ ಹಿಂಬದಿಗೂ ಬಣ್ಣ ಹೊಡೆದಿದ್ದರು, ಇನ್ನೂ ಹಸಿ. ಬೆಚ್ಚಿ ಈಚೆ ಬಂದೆ. ಅಂಗೈ ಪೂರ್ತಿ ಹಸಿರಾಗಿತ್ತು. ಮಾವ ನನ್ನನ್ನೇ ನೋಡುತ್ತಿದ್ದರು. ಅಡಗಿಕೊಳ್ಳಲು ಜಾಗವಿರಲಿಲ್ಲ.

"ಸೀಮೆಎಣ್ಣೇಲಿ ಒರೆಸ್ಕೊಳಮ್ಮ, ಹೋಗುತ್ತೆ" ಎಂದರು. ಸ್ವಲ್ಪ ತಡೆದು, "ನೀರೆಷ್ಟು ಹಾಕ್ಲಿ?" ಅಂದರು.

"ಮೊದ್ಲು ಸ್ವಲ್ಪ ಹಾಕಿ ಗಟ್ಟಿಯಾಗಿ ಕಲಸಿ ಮಾವ, ಆಮೇಲೆ ತೆಳ್ಳಗೆ ಮಾಡ್ಕೋಬೇಕು" ಅಂದೆ. ಅವರು ತಲೆಯಾಡಿಸಿ ಕಲಸತೊಡಗಿದರು. ಮಧ್ಯಾಹ್ನ ಆ ಬಾಗಿಲಿಗೆ ಎರಡನೇ ಕೈ ಹೊಡೆಯಲು ಹೋದವರು, ಹಿಂಬದಿಯಲ್ಲಿ ಮೂಡಿದ್ದ ನನ್ನ ಐದು ಬೆರಳನ್ನು ನೋಡಿ, ಮುಂಬದಿಗಷ್ಟೇ ಹೊಡೆದು ಬ್ರಷ್ ತೊಳೆದಿಟ್ಟರು.