ತಾಂಗ್ವಿಸ್ತಿಲ್ ಎಂಬ ಹೆಸರು ಹೊತ್ತವಳು

ನಮ್ಮ ಕ್ವಮ್ ಐರಿನ್ ಕಣಿವೆಯಲ್ಲಿ ಬರೀ ಹೆಸರು ಹೇಳಿದರೆ ಯಾರೆಂದು ಗೊತ್ತಾಗುವುದಿಲ್ಲ. ಅರ್ಧ ಊರು ಜೋನ್ಸ್, ಉಳಿದರ್ಧ ರಾಬರ್ಟ್ಸ್. ಹಾಗಾಗಿ ಹೆಸರಿಗೆ ಮನೆಯನ್ನೋ ಕಸುಬನ್ನೋ ಅಂಟಿಸುತ್ತೇವೆ. ನಾನು ಪೋಸ್ಟ್ ಬೆಟಿ. ಅಂಚೆ ಕಚೇರಿ ಮುಚ್ಚಿ ಹನ್ನೊಂದು ವರ್ಷವಾದರೂ ನಾನು ಪೋಸ್ಟ್ ಬೆಟಿಯೇ. ಹೀಗೆ ಬಾಲ ಬೇಕಾಗದ ಹೆಸರು ಊರಿಗೆಲ್ಲ ಒಂದೇ ಒಂದಿತ್ತು, ತಾಂಗ್ವಿಸ್ತಿಲ್. ಅದನ್ನು ಇಟ್ಟುಕೊಂಡವಳು ನನ್ನ ನೆರೆಮನೆಯವಳು, ಊರಿನ ಪ್ರಾರ್ಥನಾಮಂದಿರವಾದ ಚಾಪೆಲಿನಲ್ಲಿ ಅರವತ್ತು ವರ್ಷ ನನ್ನ ಪಕ್ಕದಲ್ಲೇ ಕೂತವಳು. ನಾವು ತಾಂಗ್ ಎನ್ನುತ್ತೇವೆ.

ಹೆಸರು ಕೇಳಿದವರೆಲ್ಲ ಇನ್ನೊಮ್ಮೆ ಹೇಳಿಸಿಕೊಳ್ಳುತ್ತಾರೆ. ಹಳೇ ಕಾಲದ ರಾಜಮನೆತನದ ಹೆಂಗಸರು ಇಟ್ಟುಕೊಳ್ಳುತ್ತಿದ್ದ ಹೆಸರು. ಬಾಲಾ ಪೇಟೆಯ ಅಂಗಡಿಯಲ್ಲಿ ಹೆಸರು ಬರೆದ ಬಟ್ಟಲು ಮಾರುವ ಹುಡುಗಿ, ‘ಎಷ್ಟು ಚೆಂದ! ಶಾಂತಿ ಅಂತ ಅಲ್ವಾ ಅರ್ಥ?’ ಎಂದು ಕೇಳಿದ್ದಳು. ತಾಂಗ್ ಹಲ್ಲು ಕಡಿದಳು.

‘ಅರ್ಧ ಹೇಳಿದೆ ನೀನು. ಶಾಂತಿಗೆ ಇಟ್ಟ ಒತ್ತೆ ಅಂತ ಪೂರ್ತಿ ಅರ್ಥ. ಒತ್ತೆ ಇಟ್ಟ ವಸ್ತುನ ಯಾರಾದ್ರೂ ಹೇಗಿದ್ದೀಯ ಅಂತ ಕೇಳ್ತಾರಾ?’

ನಾನು ತಾಂಗ್‌ಳ ತೋಳು ಹಿಡಿದು ಹೊರಗೆ ಕರೆತಂದೆ.

ಅವಳ ಸಿಟ್ಟಿಗೆ ಕಾರಣ ಇದೆ. ನಮ್ಮ ಗುಡ್ಡದ ಮೇಲೆ ಕುರಿ ಸಾಕುವ ಎರಡು ಮನೆಗಳು, ಮೇಲ್ಮನೆ ಮತ್ತು ಕೆಳಮನೆ. ಹಿಂದೆ ಅದು ಒಂದೇ ಮನೆ, ಅಣ್ಣತಮ್ಮಂದಿರು ಪಾಲು ಮಾಡಿಕೊಂಡದ್ದು. ಪಾಲಾಗುವಾಗ ಕುರಿಯ ಕಿವಿಗುರುತನ್ನೂ ಪಾಲು ಮಾಡಿದರು. ಮೇಲ್ಮನೆಯದು ಎಡಗಿವಿಯ ತುದಿ ಕತ್ತರಿಸಿದ ಗುರುತು. ಕೆಳಮನೆಯದು ಅದೇ ಗುರುತು, ಜೊತೆಗೆ ಕಿವಿಯ ಕೆಳಗೊಂದು ಕಚ್ಚು. ಯಾವ ಬುದ್ಧಿವಂತ ಇದನ್ನು ಯೋಚಿಸಿದನೋ ಕಾಣೆ. ಮೇಲ್ಮನೆಯ ಮರಿಗೆ ಒಂದೇ ಒಂದು ಕಚ್ಚು ಹಾಕಿದರೆ ಸಾಕು, ಅದು ಕೆಳಮನೆಯದಾಗಿಬಿಡುತ್ತದೆ. ಕತ್ತರಿಸಿದ ಕಿವಿಯನ್ನು ಮತ್ತೆ ಹೊಲಿಯಲಾಗುವುದಿಲ್ಲ. ನೂರು ವರ್ಷದ ಜಗಳಕ್ಕೆ ಅಷ್ಟು ಸಾಕಾಯಿತು.

ತಾಂಗ್‌ಳ ಅಪ್ಪ ಮೇಲ್ಮನೆಯವನು, ಅಮ್ಮ ಕೆಳಮನೆಯವಳು. ಎರಡೂ ಕಡೆ ಎದುರು ಹಾಕಿಕೊಂಡು ಮದುವೆಯಾದವರು. ಅವರಿಗೆ ಹೆಣ್ಣುಮಗು ಹುಟ್ಟಿದಾಗ ಆಗಿನ ಪಾದ್ರಿ ಹಳೇ ಗ್ರಂಥಗಳನ್ನೆಲ್ಲ ತಿರುವಿ ಈ ಹೆಸರು ಹುಡುಕಿ ಕೊಟ್ಟರು. ದೀಕ್ಷಾಸ್ನಾನದ ದಿನ ಮಗುವಿನ ತಲೆಯ ಮೇಲಿಂದಲೇ ಇಬ್ಬರು ಅಜ್ಜಂದಿರು ಕೈ ಕುಲುಕಿದರಂತೆ. ಊರೆಲ್ಲ ಅತ್ತಿತಂತೆ. ನನಗೆ ಆ ಕಥೆ ಕೇಳಿದರೆ ಮೈ ಉರಿಯುತ್ತದೆ. ಮೂರು ತಿಂಗಳ ಕೂಸಿನ ತಲೆಗೆ ನೀರಿನ ಜೊತೆ ಎರಡು ಮನೆಯ ವ್ಯಾಜ್ಯವನ್ನೂ ಹೊಯ್ದರು.

ಅಲ್ಲಿಂದ ಶುರು. ಆರು ವರ್ಷದವಳಿದ್ದಾಗ ಚೀಟಿ ಹಿಡಿದು ಗುಡ್ಡ ಹತ್ತುವುದು, ಇಳಿಯುವುದು. ಟಗರು ಯಾರದ್ದು, ಗೋಡೆ ಯಾರು ಕಟ್ಟಬೇಕು, ಉಣ್ಣೆ ಕತ್ತರಿಸುವ ದಿನ ಯಾರದ್ದು ಮೊದಲು, ಎಲ್ಲಕ್ಕೂ ‘ತಾಂಗ್‌ನ ಕಳಿಸಿ’. ಹದಿನೆಂಟಕ್ಕೆ ಲಿವರ್‌ಪೂಲಿನಲ್ಲಿ ನರ್ಸ್ ಕೆಲಸ ಕಲಿಯಲು ಅವಳಿಗೆ ಸೀಟು ಸಿಕ್ಕಿತು. ಪೆಟ್ಟಿಗೆಗೆ ಹಗ್ಗ ಬಿಗಿದು ಬಾಲಾದ ಬಸ್ ನಿಲ್ದಾಣದವರೆಗೂ ಹೋಗಿದ್ದಳು. ಅದೇ ಬೆಳಿಗ್ಗೆ ಗುಡ್ಡದ ಮೇಲೆ ಕುರಿ ಒಟ್ಟುಮಾಡುವಾಗ ಎರಡು ಮನೆಯವರೂ ದೊಣ್ಣೆ ಎತ್ತಿಕೊಂಡರು. ಅವಳ ಅಪ್ಪ ಟ್ರ್ಯಾಕ್ಟರ್‌ನಲ್ಲಿ ಬಂದು, ‘ಒಂದು ವಾರ ಇದ್ದು ಹೋಗಮ್ಮ, ನೀನಿದ್ರೆ ಮಾತಿಗೆ ಬರ್ತಾರೆ’ ಎಂದ. ಆ ವಾರ ಮುಗಿಯಲೇ ಇಲ್ಲ. ನಮ್ಮ ಶಾಲೆಯ ಅಡುಗೆಮನೆಯಲ್ಲಿ ನಲವತ್ತು ವರ್ಷ ಆಲೂಗಡ್ಡೆ ಬೇಯಿಸಿದಳು. ಸೇತುವೆ ಪಕ್ಕದ ಪುಟ್ಟ ಮನೆಯಲ್ಲಿ, ಎರಡು ಮನೆಗೂ ಸಮ ದೂರದಲ್ಲಿ, ಒಂಟಿಯಾಗಿ ಉಳಿದಳು. ಪೆಟ್ಟಿಗೆ ಇವತ್ತಿಗೂ ಅವಳ ಮಂಚದ ಕೆಳಗಿದೆ. ಹಗ್ಗ ಬಿಚ್ಚಿಲ್ಲ.

ನಾನೂ ಸಾಚಾ ಅಲ್ಲ. ಚಾಪೆಲಿನ ಹಾಡಿನ ಅಭ್ಯಾಸದಲ್ಲಿ ಕಿತ್ತಾಟವಾದರೆ ನಾನೇ ಮೊದಲು ‘ತಾಂಗ್, ನೀನೊಂದು ಮಾತು ಹೇಳೇ’ ಎನ್ನುತ್ತಿದ್ದೆ. ಹೇಗೂ ಒಬ್ಬಳು ಇದ್ದಾಳಲ್ಲ.

ಈಗ ಮೇಲ್ಮನೆಯಲ್ಲಿ ಅವಳ ಅಣ್ಣ ಇದ್ವಾಲ್. ಕೆಳಮನೆಯಲ್ಲಿ ಅವಳ ಸೋದರಮಾವನ ಮಗ ಟ್ರೆವೊರ್. ಇಬ್ಬರಿಗೂ ಎಪ್ಪತ್ತೈದು ದಾಟಿದೆ. ನಾಲ್ಕು ವರ್ಷದ ಹಿಂದಿನ ಮೇ ತಿಂಗಳಲ್ಲಿ ಗಡಿಗೋಡೆ ಒಂದು ಕಡೆ ಕುಸಿದು ಮೇಲ್ಮನೆಯ ಹತ್ತೊಂಬತ್ತು ಮರಿಗಳು ಕೆಳಗೆ ಬಂದವು. ಟ್ರೆವೊರ್ ಕನ್ನಡಕ ಮನೆಯಲ್ಲೇ ಮರೆತಿದ್ದ. ತನ್ನ ಮರಿಗಳೇ, ಕಚ್ಚು ಹಾಕುವುದು ಬಿಟ್ಟುಹೋಗಿದೆ ಎಂದುಕೊಂಡು ಹತ್ತೊಂಬತ್ತಕ್ಕೂ ಹಾಕಿಬಿಟ್ಟ. ತಪ್ಪಾಯಿತು ಅನ್ನಬಹುದಿತ್ತಲ್ಲ? ಅನ್ನಲಿಲ್ಲ. ‘ನನ್ನ ಗುರುತು ಇದೆ, ನನ್ನ ಕುರಿ’ ಎಂದ. ಇದ್ವಾಲ್ ಚಾಪೆಲಿನ ಮೆಟ್ಟಿಲ ಮೇಲೆ ನಿಂತು ಅವನನ್ನು ಕಳ್ಳ ಎಂದ. ಅಂದಿನಿಂದ ಇಬ್ಬರೂ ಎಣ್ಣೆ ಸೀಗೆಕಾಯಿ. ಮಾತೆಲ್ಲ ತಾಂಗ್‌ಳ ಮೂಲಕ. ಇಬ್ಬರೂ ಒಂದೇ ಬೆಂಚಿನ ಎರಡು ತುದಿಯಲ್ಲಿ ಕೂತಿದ್ದರೂ, ‘ಕಿಟಕಿ ಮುಚ್ಚೋಕೆ ಅವನಿಗೆ ಹೇಳು ತಾಂಗ್’ ಎನ್ನುವುದು.

ಇದರ ನಡುವೆ ಇದ್ವಾಲ್‌ನ ಮೊಮ್ಮಗಳು ಮಾರೆಡ್ ಟ್ರೆವೊರ್‌ನ ಮೊಮ್ಮಗ ಕಾಯ್‌ನನ್ನು ಮದುವೆಯಾದಳು. ಈ ವಸಂತದಲ್ಲಿ ಅವರಿಗೆ ಹೆಣ್ಣುಮಗುವಾಯಿತು. ಮಾರೆಡ್ ಮಗುವನ್ನೆತ್ತಿಕೊಂಡು ತಾಂಗ್‌ಳ ಮನೆಗೆ ಓಡಿ ಬಂದಳು. ನಾನು ಅಲ್ಲೇ ಚಹಾ ಕುಡಿಯುತ್ತಿದ್ದೆ.

‘ಆಂಟಿ ತಾಂಗ್, ಇವಳಿಗೆ ನಿಮ್ಮ ಹೆಸರೇ ಇಡ್ತೀವಿ! ಇಬ್ರು ತಾತಂದಿರೂ ಒಪ್ಪಿದಾರೆ. ತಾಂಗ್ವಿಸ್ತಿಲ್ ಅಂತ ಇಟ್ರೆ ದೀಕ್ಷಾಸ್ನಾನದ ದಿನ ಕೈ ಕುಲುಕ್ತಾರಂತೆ. ಹಿಂದೆ ಆದ ಹಾಗೇನೇ!’

ತಾಂಗ್‌ಳ ಕೈಯಲ್ಲಿದ್ದ ತಟ್ಟೆ ಮೇಜಿನ ಮೇಲೆ ಟಣ್ಣೆಂದು ಕೂತಿತು.

‘ಬೇಡ.’

‘ಯಾಕೆ ಆಂಟಿ? ನಿಮಗೆ ಖುಷಿಯಾಗುತ್ತೆ ಅಂದ್ಕೊಂಡೆ.’

‘ಖುಷಿಯಂತೆ! ಕುಲುಕೋ ಕೈ ಅವರದ್ದು, ಅದಕ್ಕೆ ಕೂಸು ಯಾಕೆ ಬೇಕು? ನಾಳೆ ಮತ್ತೆ ಕಚ್ಚಾಡಿದ್ರೆ ಯಾರನ್ನ ಗುಡ್ಡ ಹತ್ತಿಸ್ತಾರೆ ಹೇಳು? ಇವಳನ್ನ.’

ಮಾರೆಡ್ ಮುಖ ಬಾಡಿಹೋಯಿತು. ತಾಂಗ್ ಎದ್ದು ಮಗುವಿನ ಕಾಲುಚೀಲ ಸರಿಮಾಡಿದಳು. ಆಮೇಲೆ ನಿಧಾನವಾಗಿ ಹೇಳಿದಳು.

‘ಒಂದು ಕೆಲಸ ಮಾಡೋಣ. ಭಾನುವಾರ ದೀಕ್ಷಾಸ್ನಾನ. ಶನಿವಾರ ಹನ್ನೊಂದಕ್ಕೆ ಇಬ್ರೂ ಆ ಬಿದ್ದ ಗೋಡೆ ಹತ್ರ ಬಂದು, ತಾವೇ ಕೈ ಕುಲುಕಲಿ. ನಾನಿಲ್ದೆ, ಮಗು ಇಲ್ದೆ. ಕುಲುಕಿದ್ರೆ ಹೆಸರು ನಿನ್ನದು, ಸಂತೋಷವಾಗಿ ಕೊಡ್ತೀನಿ. ಇಲ್ಲಾಂದ್ರೆ ಇಲ್ಲ.’

ಅವಳೇ ಇಬ್ಬರ ಮನೆಗೂ ಹೋಗಿ ಹೇಳಿ ಬಂದಳು. ‘ಇದು ನಾನು ಹೊರೋ ಕೊನೇ ಸುದ್ದಿ’ ಎಂದಳಂತೆ. ಇದ್ವಾಲ್ ನಕ್ಕನಂತೆ. ಟ್ರೆವೊರ್, ‘ಸರಿ, ಅವನು ಏನಂದ?’ ಎಂದು ಕೇಳಿದನಂತೆ.

ಶನಿವಾರ ಹತ್ತೂವರೆಗೇ ನಾನು ತಾಂಗ್‌ಳ ಅಡುಗೆಮನೆಯಲ್ಲಿ ಹಾಜರಿದ್ದೆ. ಅವಳ ಕಿಟಕಿಯಿಂದ ಆ ಗೋಡೆ ಚೆನ್ನಾಗಿ ಕಾಣುತ್ತದೆ. ಹನ್ನೊಂದಕ್ಕೆ ಸರಿಯಾಗಿ ಮೇಲಿನಿಂದ ಇದ್ವಾಲ್ ಬಂದ. ಕೆಳಗಿನಿಂದ ಟ್ರೆವೊರ್ ಬಂದ. ನಾನು ಕೈ ಜೋಡಿಸಿದೆ. ಗೋಡೆಗೆ ಹತ್ತು ಹೆಜ್ಜೆ ಉಳಿದಾಗ ಇದ್ವಾಲ್ ನಿಂತ. ಅದನ್ನು ನೋಡಿ ಟ್ರೆವೊರ್ ಕೂಡ ನಿಂತ. ಒಬ್ಬ ಕೋಲಿನಿಂದ ನೆಲ ಕೆದಕಿದ. ಇನ್ನೊಬ್ಬ ನಾಯಿಯ ತಲೆ ಸವರಿದ. ತುಂತುರು ಶುರುವಾಯಿತು. ಕಾಲು ಗಂಟೆಯಾದ ಮೇಲೆ ಇಬ್ಬರೂ ಒಟ್ಟಿಗೇ ಕತ್ತು ತಿರುಗಿಸಿ ಕೆಳಗೆ ನೋಡಿದರು. ನಮ್ಮ ಕಿಟಕಿಯನ್ನು.

‘ನೋಡಿದ್ಯಾ?’ ಎಂದಳು ತಾಂಗ್. ‘ನನಗಾಗಿ ಕಾಯ್ತಿದಾರೆ. ಹತ್ತು ಹೆಜ್ಜೆ ಬೆಟಿ! ಹತ್ತು ಹೆಜ್ಜೆಗೆ ನಾನು ಬೇಕಾ?’

ಅವಳ ಕೈ ಗೂಟದಲ್ಲಿದ್ದ ಕೋಟಿನ ಮೇಲಿತ್ತು. ನನಗೂ ತಡೆಯಲಾಗಲಿಲ್ಲ.

‘ಇದೊಂದ್ಸಲ ಹೋಗಿ ಬಾರೇ. ಪಾಪ, ಮುದುಕರು ನೆನೀತಿದಾರೆ.’

ಹೇಳಿದ ಮೇಲೆ ನನ್ನ ನಾಲಿಗೆ ಕಚ್ಚಿಕೊಂಡೆ. ಅವಳು ನನ್ನನ್ನೇ ನೋಡಿದಳು. ಅರವತ್ತು ವರ್ಷದಲ್ಲಿ ಅವಳು ನನ್ನನ್ನು ಹಾಗೆ ನೋಡಿದ್ದಿಲ್ಲ.

‘ನೀನೂನಾ?’ ಎಂದಳು. ಕೋಟಿನ ಮೇಲಿಂದ ಕೈ ತೆಗೆದಳು. ಕಿಟಕಿಗೆ ಬೆನ್ನು ಮಾಡಿ ಕೂತಳು. ಗಂಟೆ ಹನ್ನೆರಡಾಗುವವರೆಗೂ ಕಿಟಕಿಯ ಕಡೆ ತಿರುಗಲಿಲ್ಲ. ಇದ್ವಾಲ್ ಮೇಲಕ್ಕೆ ಹೋದ, ಟ್ರೆವೊರ್ ಕೆಳಕ್ಕೆ ಹೋದ, ಎಂದು ನಾನೇ ಹೇಳಬೇಕಾಯಿತು.

ಮಧ್ಯಾಹ್ನ ಮಾರೆಡ್ ಬಂದಳು. ಬಾಗಿಲಲ್ಲೇ ಅಳು.

‘ಅವರಿಗೋಸ್ಕರ ಅಲ್ಲ ಆಂಟಿ ನಾನು ಆ ಹೆಸರು ಕೇಳಿದ್ದು. ಶಾಲೇಲಿ ನಾನು ಬಿದ್ದಾಗ ಅಡುಗೆಮನೆಗೆ ಕರ್ಕೊಂಡು ಹೋಗಿ ಮಂಡಿ ತೊಳೀತಿದ್ರಲ್ಲ, ಆ ತಾಂಗ್ ಹೆಸರು ಬೇಕಿತ್ತು ನನಗೆ. ಶಾಂತಿಗೀಂತಿ ಅಲ್ಲ.’

ತಾಂಗ್ ಅವಳನ್ನು ಕೂರಿಸಿ, ಬಾರಾ ಬ್ರಿತ್ ಎರಡು ತುಂಡು ಕತ್ತರಿಸಿ ಬೆಣ್ಣೆ ಸವರಿ ಕೊಟ್ಟಳು. ಆ ದ್ರಾಕ್ಷಿ ರೊಟ್ಟಿ ಮಾಡುವುದರಲ್ಲಿ ಅವಳನ್ನು ಮೀರಿಸಿದವರಿಲ್ಲ.

‘ನನಗೋಸ್ಕರ ಅಂತ ಇಲ್ಲೀವರೆಗೆ ಯಾರೂ ಆ ಹೆಸರು ಕೇಳಿರ್ಲಿಲ್ಲ ಕಣೇ’ ಎಂದಳು. ‘ಅದಕ್ಕೇ ಈಗಂತೂ ಕೊಡೋದೇ ಇಲ್ಲ, ಅದರ ಭಾರ ಮಗುಗೆ ಬೇಡ. ನನ್ನ ಬೇಕಾದ್ರೆ ಇಟ್ಕೋ. ವಾರಕ್ಕೆ ಮೂರು ದಿನ ಬಂದು ಮಗು ನೋಡ್ಕೋತೀನಿ. ಹೆಸರು ನನ್ನ ಜೊತೇಲೇ ಮುಗೀಲಿ.’

ಭಾನುವಾರ ಚಾಪೆಲ್ ತುಂಬಿತ್ತು. ಗಡಿಗೋಡೆಯ ಹತ್ತಿರ ನಡೆದದ್ದು ಊರಿಗೆಲ್ಲ ಗೊತ್ತಾಗಿತ್ತು. ಪೋಸ್ಟ್ ಬೆಟಿ ಇರುವಾಗ ಗೊತ್ತಾಗದೆ ಇರುತ್ತದೆಯೇ? ಹಿರಿಯರು ಕೂರುವ ದೊಡ್ಡ ಪೀಠದ ಮುಂದೆ ಬೋಗುಣಿಯಲ್ಲಿ ನೀರಿಟ್ಟಿದ್ದರು. ಇಬ್ಬರು ಮುದುಕರೂ ಇಸ್ತ್ರಿ ಮಾಡಿದ ಸೂಟು ಹಾಕಿಕೊಂಡು ಪೀಠದ ಎರಡು ತುದಿಗಳಲ್ಲಿ ಸಿದ್ಧರಾಗಿ ಕೂತಿದ್ದರು. ಇದ್ವಾಲ್ ಆಗಲೇ ಬಲಗೈಯ ಕೈಗವಸು ತೆಗೆದು ತೊಡೆಯ ಮೇಲಿಟ್ಟುಕೊಂಡಿದ್ದ. ಅದನ್ನು ನೋಡಿ ನನಗೆ ಎದ್ದುಹೋಗಿ ಅವನ ತಲೆಗೊಂದು ಬಿಡೋಣ ಅನ್ನಿಸಿತು. ನಿನ್ನೆ ಹತ್ತು ಹೆಜ್ಜೆ ಇಡಲಾಗದವನು ಇವತ್ತು ಕೂಸಿನ ತಲೆಯ ಮೇಲೆ ಕೈ ಚಾಚಲು ತಯಾರಾಗಿದ್ದ.

ಪಾದ್ರಿ ಮಗುವನ್ನೆತ್ತಿಕೊಂಡು ಕೇಳಿದರು, ‘ಮಗುವಿನ ಹೆಸರೇನು?’

ಮಾರೆಡ್ ಒಮ್ಮೆ ನಮ್ಮ ಬೆಂಚಿನ ಕಡೆ ನೋಡಿದಳು. ‘ಗ್ವೆನ್ನೊ’ ಎಂದಳು.

ಪುಟ್ಟ ಹೆಸರು. ಬೆಳ್ಳಗೆ ಚೆಲುವಾಗಿರುವವಳು ಎಂದಷ್ಟೇ ಅರ್ಥ. ಅದರಲ್ಲಿ ಯಾರ ಕೆಲಸವೂ ಇಲ್ಲ. ನೀರು ಬಿದ್ದಾಗ ಗ್ವೆನ್ನೊ ಒಂದು ಸಲ ಕಿರುಚಿ, ಮತ್ತೆ ನಿದ್ದೆ ಹೋದಳು. ಇದ್ವಾಲ್ ಟ್ರೆವೊರ್‌ನನ್ನು ನೋಡಲಿಲ್ಲ, ಟ್ರೆವೊರ್ ಇದ್ವಾಲ್‌ನನ್ನು ನೋಡಲಿಲ್ಲ. ಇಬ್ಬರೂ ತಾಂಗ್‌ಳನ್ನು ನೋಡಿದರು, ಅವಳೇನೋ ಅವರ ಊಟ ಕಿತ್ತುಕೊಂಡವಳ ಹಾಗೆ. ಅವಳು ಹಾಡಿನ ಪುಸ್ತಕ ತೆರೆದು ಮುಂದಿನ ಹಾಡಿನ ಸಂಖ್ಯೆ ಹುಡುಕುತ್ತಿದ್ದಳು.

ಆಮೇಲೆ ಹಿಂದಿನ ಕೋಣೆಯಲ್ಲಿ ಚಹಾ. ಉದ್ದನೆಯ ಮೇಜು. ಜಾಗವಿಲ್ಲದೆ ಇಬ್ಬರು ಮುದುಕರೂ ಎದುರುಬದುರು ಕೂರಬೇಕಾಯಿತು. ನಡುವೆ, ಮೇಜಿನ ತುದಿಯಲ್ಲಿ, ತಾಂಗ್. ಊರು ಅವಳಿಗೆ ಬಿಡುವ ಜಾಗ ಯಾವತ್ತೂ ಅದೇ. ಇದ್ವಾಲ್ ಬಟ್ಟಲಿಗೆ ಚಮಚ ಹಾಕಿ ತಿರುಗಿಸಿ, ಮುಖ ಗಂಟುಹಾಕಿಕೊಂಡ.

‘ತಾಂಗ್, ಸಕ್ಕರೆ ಈ ಕಡೆ ಕೊಡೋಕೆ ಅವನಿಗೆ ಹೇಳು.’

ಸಕ್ಕರೆಯ ಬಟ್ಟಲು ಟ್ರೆವೊರ್‌ನ ಮೊಣಕೈ ಪಕ್ಕದಲ್ಲಿತ್ತು. ಇದ್ವಾಲ್ ಕೈ ಚಾಚಿದ್ದರೆ ಅವನಿಗೇ ಎಟುಕುತ್ತಿತ್ತು. ಕೋಣೆಯಲ್ಲಿದ್ದವರೆಲ್ಲ ಅವಳ ಕಡೆ ತಿರುಗಿದರು. ತಾಂಗ್ ತನ್ನ ಚಹಾ ಪೂರ್ತಿ ಕುಡಿದಳು. ಬಟ್ಟಲನ್ನು ತಟ್ಟೆಯ ಮೇಲಿಟ್ಟಳು. ಕುರ್ಚಿಯ ಬೆನ್ನಿಗಿದ್ದ ಕೋಟು ಹಾಕಿಕೊಂಡು, ಮಾರೆಡ್‌ಳ ಹೆಗಲು ಮುಟ್ಟಿ, ಬಾಗಿಲು ತೆರೆದು ಹೊರಟೇ ಹೋದಳು.

ಇದ್ವಾಲ್ ಖಾಲಿ ಕುರ್ಚಿ ನೋಡಿದ. ಸಿಹಿಯಿಲ್ಲದ ಚಹಾ ನೋಡಿದ. ಅವನ ಕಿವಿ ಕೆಂಪಾಯಿತು. ನಮ್ಮಲ್ಲಿ ಯಾರೂ ಸಕ್ಕರೆ ಮುಟ್ಟಲಿಲ್ಲ. ನಾನು ನನ್ನ ಕೈಯನ್ನು ತೊಡೆಯ ಕೆಳಗೆ ಇಟ್ಟುಕೊಂಡೆ. ಕೊನೆಗೆ ಇದ್ವಾಲ್, ‘ಟ್ರೆವೊರ್’ ಎಂದ. ‘ಸಕ್ಕರೆ.’

ಟ್ರೆವೊರ್ ಬಟ್ಟಲನ್ನು ಮುಂದಕ್ಕೆ ತಳ್ಳಿ, ‘ಎರಡು ಚಮಚ ಸಾಕು, ನಿನಗೆ ಶುಗರ್ ಇದೆ’ ಎಂದ.

ನಾನು ಅಲ್ಲಿ ನಿಲ್ಲಲಿಲ್ಲ. ಈ ವಯಸ್ಸಿನಲ್ಲಿ ಓಡಬಾರದು, ಓಡಿದೆ. ತಾಂಗ್ ಸೇತುವೆಯ ಕಟ್ಟೆಯ ಮೇಲೆ ಕೂತಿದ್ದಳು. ಏದುಸಿರು ಬಿಡುತ್ತ ಎಲ್ಲ ಹೇಳಿದೆ. ಅವನು ಹೆಸರು ಹಿಡಿದು ಕರೆದದ್ದು, ಇವನು ಕೊಟ್ಟದ್ದು, ಎರಡು ಚಮಚ, ಎಲ್ಲ. ಅವಳು ನಗುತ್ತಾಳೆ ಎಂದುಕೊಂಡಿದ್ದೆ.

ಅವಳು ನೀರಿನಿಂದ ಕಣ್ಣು ತೆಗೆಯಲಿಲ್ಲ. ‘ಅಷ್ಟೇನಾ?’ ಎಂದಳು. ‘ನಾನು ಎದ್ದು ಹೋದ್ರೆ ಸಾಕಿತ್ತಾ?’

ನಾನು ಅವಳ ಪಕ್ಕ ಕೂತೆ.

‘ಹದಿನೆಂಟಕ್ಕೇ ಎದ್ದು ಹೋಗಿದ್ದೆ ಬೆಟಿ. ಪೆಟ್ಟಿಗೆ ಕಟ್ಟಿ, ಬಸ್ ನಿಲ್ದಾಣದ ತನಕ.’