ಕಾಗೆ ತೋರಿಸುವ ವಿದ್ಯೆ

ಕಾಗೆ ತೋರಿಸುವುದರಲ್ಲಿ ನನ್ನನ್ನು ಮೀರಿಸುವವರು ಆಳಂದದಲ್ಲಿ ಇರಲಾರರು ಎಂದು ಮೊನ್ನೆ ಮೊನ್ನೆಯವರೆಗೂ ನಂಬಿದ್ದೆ. ಇದನ್ನು ಜಂಬ ಎಂದುಕೊಳ್ಳಬೇಡಿ, ತಪ್ಪೊಪ್ಪಿಗೆ ಎಂದೇ ತಿಳಿಯಿರಿ. ಮೂವತ್ತೆರಡು ವರ್ಷ ಬಸ್ಸಿನಲ್ಲಿ ಕಂಡಕ್ಟರಾಗಿ ಆಳಂದ, ಅಫಜಲಪುರ, ಜೇವರ್ಗಿ ಎಂದು ತಿರುಗಿ ನಿವೃತ್ತನಾದವನಿಗೆ ಮನೆಯಲ್ಲಿ ಸಿಕ್ಕ ಹೊಸ ಡ್ಯೂಟಿ ಇದು. ಸೊಸೆ ಸುಜಾತಾ ಭೂಸನೂರಿನಲ್ಲಿ ಶಾಲೆಯ ಟೀಚರ್. ಮಗ ಹವಳಗಾದ ಸಕ್ಕರೆ ಕಾರ್ಖಾನೆಯಲ್ಲಿದ್ದಾನೆ, ವಾರಕ್ಕೊಮ್ಮೆ ಬರುತ್ತಾನೆ. ನನ್ನ ಹೆಂಡತಿ ತೀರಿಕೊಂಡು ಐದು ವರ್ಷವಾಯಿತು. ಹೀಗಾಗಿ ಎಂಟೂವರೆಯ ಬಸ್ಸಿಗೆ ಸೊಸೆ ಹೊರಟಳೆಂದರೆ, ಎರಡು ವರ್ಷದ ಮೊಮ್ಮಗಳು ಸಾನ್ವಿಯ ಜೊತೆ ಮನೆಯಲ್ಲಿ ಉಳಿಯುವವರು ನಾನು ಮತ್ತು ಎಂಬತ್ತೈದು ದಾಟಿದ ನನ್ನ ಅವ್ವ.

ಮಗುವನ್ನು ಅಳಿಸದೆ ತಾಯಿಯನ್ನು ಬಸ್ಸಿಗೆ ಕಳಿಸಬೇಕು. ಇದಕ್ಕೆ ನಮ್ಮ ಹಿರಿಯರು ಕಂಡುಕೊಂಡ ಉಪಾಯ ನಿಮಗೂ ಗೊತ್ತಿರುತ್ತದೆ. ಮಗುವನ್ನು ಎತ್ತಿಕೊಂಡು ಹಿತ್ತಲಿಗೆ ಹೋಗುವುದು. ಬೇವಿನ ಗಿಡದ ಕಡೆ ಬೆರಳು ಮಾಡಿ, "ಅಕಾ ಅಲ್ಲಿ, ಕಾಗಿ ನೋಡು ಕಾಗಿ" ಎನ್ನುವುದು. ಅಷ್ಟರಲ್ಲಿ ಸೊಸೆ ಸದ್ದಾಗದಂತೆ ಚಪ್ಪಲಿಯನ್ನು ಕೈಯಲ್ಲಿ ಹಿಡಿದು ಮುಂಬಾಗಿಲಿನಿಂದ ಜಾರುತ್ತಾಳೆ. ನಾವು ಒಳಗೆ ಬರುವಷ್ಟರಲ್ಲಿ ಮನೆಯಲ್ಲಿ ಒಬ್ಬರು ಕಡಿಮೆಯಾಗಿರುತ್ತಾರೆ.

ಕಾಗೆಯನ್ನೇ ಯಾಕೆ ತೋರಿಸಬೇಕು ಎಂದು ಕೇಳಿದರೆ, ಅದರಷ್ಟು ಕರ್ತವ್ಯನಿಷ್ಠ ಪಕ್ಷಿ ಇನ್ನೊಂದಿಲ್ಲ. ಚಂದಮಾಮ ಹಗಲು ಡ್ಯೂಟಿಗೆ ಬರುವುದು ಅಪರೂಪ. ಗುಬ್ಬಿಗಳು ಊರು ಬಿಟ್ಟಿವೆ. ವಿಮಾನ ನಮ್ಮ ತಲೆಯ ಮೇಲೆ ಹಾಯುವುದೇ ಕಡಿಮೆ. ಕಾಗೆಗೆ ಮಾತ್ರ ರಜೆಯಿಲ್ಲ, ಮುಷ್ಕರವಿಲ್ಲ. ಆದರೆ ಒಂದು ಅನ್ಯಾಯ ನೋಡಿ. ಕಾಗೆ ಕೂಗಿದರೆ ನೆಂಟರು ಬರುತ್ತಾರೆ ಎಂದು ನಂಬುವವರು ನಾವು. ಹಿರಿಯರಿಗೆ ಎಡೆ ಇಟ್ಟು, ಕಾಗೆಯ ರೂಪದಲ್ಲಾದರೂ ಬನ್ನಿ ಎಂದು ಕಾಯುವವರಿದ್ದಾರೆ. ಬರುವವರ ಸುದ್ದಿ ತರುವ ಈ ಬಡಪಾಯಿಯನ್ನು ಮಕ್ಕಳ ಮುಂದೆ ಮಾತ್ರ ಹೋಗುವವರ ಕೆಲಸಕ್ಕೆ ಹಚ್ಚಿದ್ದೇವೆ.

ನಾಲ್ಕು ತಿಂಗಳು ಎಲ್ಲ ಸುಸೂತ್ರವಾಗಿ ನಡೆಯಿತು. ಐದನೆಯ ತಿಂಗಳು ನಾನು "ಕಾಗಿ" ಎಂದೊಡನೆ ಸಾನ್ವಿ ಗಿಡದ ಕಡೆ ನೋಡುವುದನ್ನು ಬಿಟ್ಟು ಬಾಗಿಲ ಕಡೆ ನೋಡತೊಡಗಿದಳು. ಆಮೇಲೆ ನಿಜವಾದ ಕಾಗೆ ಗೋಡೆಯ ಮೇಲೆ ಬಂದು ಕೂಗಿದರೂ ಸಾಕು, ಓಡಿ ಹೋಗಿ ತಾಯಿಯ ಸೀರೆ ಹಿಡಿಯುತ್ತಿದ್ದಳು. ಆಟವಾಡುವಾಗ ನಡುನಡುವೆ ಎದ್ದು ಅಡುಗೆಮನೆಗೆ ಹೋಗಿ ತಾಯಿ ಇದ್ದಾಳೋ ಇಲ್ಲವೋ ಎಂದು ನೋಡಿ ಬರುವಳು. ಟಿಕೆಟ್ ಚೆಕ್ಕಿಂಗಿಗೆ ಬರುವ ಸಾಹೇಬರೂ ಇಷ್ಟು ಸಲ ಬರುತ್ತಿರಲಿಲ್ಲ.

ಒಂದು ದಿನ ಸೊಸೆಯ ಒಂದು ಚಪ್ಪಲಿ ಕಾಣೆಯಾಯಿತು. ಮನೆಯೆಲ್ಲ ಹುಡುಕಿದೆವು. ಬಸ್ಸು ಹೋಯಿತು. ಕೊನೆಗೆ ಅದು ಸಿಕ್ಕಿದ್ದು ಜೋಳದ ಡಬ್ಬಿಯಲ್ಲಿ, ಕಾಳಿನೊಳಗೆ ಅರ್ಧ ಹೂತು. ಚಪ್ಪಲಿ ಹೋದರೆ ತಾಯಿ ಹೋಗುತ್ತಾಳೆ ಎಂಬಷ್ಟನ್ನು ನಮ್ಮ ಎರಡು ವರ್ಷದ ಪತ್ತೇದಾರಿಣಿ ಕಂಡುಹಿಡಿದಿದ್ದಳು. ನಾನು ನಕ್ಕೆ. ಸೊಸೆ ನಗಲಿಲ್ಲ, ಚಪ್ಪಲಿಯಿಂದ ಕಾಳು ಕೊಡವುತ್ತ ಅಲ್ಲೇ ಕುಳಿತಳು.

"ನನ್ನ ಮಗಳು ನನ್ನ ನಂಬಂಗಿಲ್ರಿ ಮಾವಾರ," ಎಂದಳು. "ಮಕ್ಕೊಂಡಾಗೂ ನನ್ನ ಕೈ ಬಿಡವಲ್ಲಳು. ಸಾಲಿ ಬಿಟ್ಟ ಬಿಡ್ಲೇನ್ರಿ?"

ಹಗಲು ರಾತ್ರಿ ಓದಿ ಪಡೆದ ಕೆಲಸ ಅದು. ಅದನ್ನು ಬಿಡುವ ಮಾತು ಅವಳ ಬಾಯಿಂದ ಬಂದಾಗ ನನ್ನ ವಿದ್ಯೆಯ ಮೇಲೆ ನನಗೇ ಹೇಸಿಗೆಯಾಯಿತು.

ಮಕ್ಕಳ ಮನಸ್ಸು ಬಲ್ಲವರು ಬರೆದದ್ದನ್ನು ಆಮೇಲೆ ಅಲ್ಲಿ ಇಲ್ಲಿ ಓದಿದೆ. ತನ್ನವರು ಹೋದರೆ ತಿರುಗಿ ಬರುತ್ತಾರೋ ಇಲ್ಲವೋ, ಇದೇ ಮಗು ಎಲ್ಲಕ್ಕಿಂತ ಮೊದಲು ಕಲಿಯುವ ಪಾಠವಂತೆ. ಬರುತ್ತಾರೆ ಎಂಬುದು ಗಟ್ಟಿಯಾದ ಮಗು ಧೈರ್ಯವಾಗಿ ಅಂಗಳ ದಾಟಿ ಆಡಲು ಹೋಗುತ್ತದೆ. ಗಟ್ಟಿಯಾಗದ ಮಗು ದೊಡ್ಡದಾದ ಮೇಲೂ ಹೊಸ್ತಿಲ ಹತ್ತಿರವೇ ಸುಳಿದಾಡುತ್ತದೆ. ಇದನ್ನು ಓದುವಾಗ ಸಾನ್ವಿಯನ್ನು ನೆನೆಯಬೇಕಾದ ನಾನು ನೆನೆದದ್ದು ನನ್ನನ್ನೇ.

ಯಾಕೆಂದರೆ ಮದುವೆ ಮನೆಯಲ್ಲಿ ನಾನು ಬಾಗಿಲು ಕಾಣುವ ಕಡೆಗೇ ಕೂರುತ್ತೇನೆ. ಬಸ್ಸಿಗೆ ಒಂದು ತಾಸು ಮೊದಲೇ ಹೋಗಿ ನಿಲ್ಲುತ್ತೇನೆ, ಅದೂ ನಾನೇ ಕಂಡಕ್ಟರಾಗಿದ್ದ ಬಸ್ಸಿಗೆ. ಹೆಂಡತಿ ಸಂತೆಗೆ ಹೊರಟರೆ ಯಾವಾಗ ಬರುತ್ತೀ ಎಂದು ಮೂರು ಸಲ ಕೇಳುತ್ತಿದ್ದೆ. "ಹೋಗಿ ಬರೋದಕ್ಕ ಟಿಕೆಟ್ ಹರದ ಕೊಡ್ರಿ, ನಂಬಿಕಿ ಆಗ್ತದ," ಎಂದು ಅವಳು ಚೇಷ್ಟೆ ಮಾಡುತ್ತಿದ್ದಳು.

ನನಗೂ ಒಂದು ಕಾಗೆ ತೋರಿಸಿದ್ದರು. ನಾಲ್ಕು ವರ್ಷದವನಿದ್ದೆ. ಅಪ್ಪ ಸೊಲ್ಲಾಪುರದ ಮಿಲ್ಲಿನಲ್ಲಿ ಕೆಲಸಕ್ಕಿದ್ದವರು ಜ್ವರ ಬಂದು ಮಲಗಿದ್ದರು. ಅವ್ವ ಅವರ ಆರೈಕೆಗೆ ಹೋಗಬೇಕಾಯಿತು. ನನ್ನನ್ನು ತವರಿನಲ್ಲಿ ಆಯಿಯ ಹತ್ತಿರ ಬಿಟ್ಟಳು. ಅಜ್ಜಿಗೆ ನಾವು ಆಯಿ ಎನ್ನುತ್ತೇವೆ. ಆಯಿ ಹಿತ್ತಲಿನಲ್ಲಿ ಕಾಗೆ ತೋರಿಸಿದಳು. ಆ ಕಾಗೆ ನೆನಪಿದೆ, ತಿರುಗಿ ನೋಡಿದಾಗ ಕಂಡ ಖಾಲಿ ಬಾಗಿಲೂ ನೆನಪಿದೆ. ತಿಂಗಳಾದ ಮೇಲೆ ಅವ್ವ ಬಂದೇ ಬಂದಳು, ಆದರೆ ಬಂದದ್ದು ಮಾತ್ರ ನೆನಪೇ ಇಲ್ಲ.

ಚಪ್ಪಲಿ ಸಿಕ್ಕ ದಿನ ಸಂಜೆ ಅವ್ವ ಹೊಸ್ತಿಲ ಹತ್ತಿರ ಕುಳಿತು ಮೆಂತ್ಯ ಸೊಪ್ಪು ಬಿಡಿಸುತ್ತಿದ್ದಳು. ಅರವತ್ತು ವರ್ಷದಲ್ಲಿ ಎಂದೂ ಕೇಳದಿದ್ದ ನಾನು ಕೇಳಿಯೇಬಿಟ್ಟೆ.

"ಯವ್ವಾ, ನನಗ ಕಾಗಿ ತೋರಿಸಿ ಸೊಲ್ಲಾಪುರಕ್ಕ ಹೋಗಿದ್ದಿ, ನೆನಪದ ಏನು?"

ಅವ್ವ ತಲೆ ಎತ್ತಲಿಲ್ಲ. "ಎಲ್ಲಿ ಹೋಗಿದ್ನೋ ಯಪ್ಪಾ. ಗ್ವಾಡಿ ಹಿಂದ ನಿಂತಿದ್ದೆ. ನೀ ಅಳೋದು ನಿಂತ ಮ್ಯಾಲ ಹೋಗಬೇಕಂತ. ನೀ ನಿಲ್ಲಿಸ್ಲೇ ಇಲ್ಲ. ಬಸ್ ಹೋತು."

"ಮತ್ತ ಒಳಗ ಬರಬೇಕಿಲ್ಲ?"

"ಬಂದಿದ್ರ ಮತ್ತ ಕಾಗಿ ತೋರಿಸಿ ಹೋಗಬೇಕಾಗ್ತಿತ್ತು. ಒಮ್ಮಿ ನಿನಗ ಮೋಸ ಮಾಡಿದ್ದೆ, ಇನ್ನೊಮ್ಮಿ ಮಾಡಾಕ ಮನಸ ಬರಲಿಲ್ಲ. ಸಂಜೀ ಬಸ್ಸಿನ ತನಕ ಅಲ್ಲೇ ಗಿಡದ ಕೆಳಗ ಕುಂತೆ."

ಬಸ್ಸು ನಿಲ್ಲುತ್ತಿದ್ದ ಆ ಗಿಡ ಆಯಿಯ ಮನೆಯಿಂದ ಕೂಗಿದರೆ ಕೇಳುವಷ್ಟು ಹತ್ತಿರ. ಅವಳು ನನ್ನನ್ನು ಬಿಟ್ಟು ಹೋದ ದಿನವೆಂದು ನಾನು ಎದೆಯಲ್ಲಿಟ್ಟುಕೊಂಡ ದಿನವೆಲ್ಲ ಅವಳು ಅಲ್ಲೇ ಇದ್ದಳು. ಆಗ ಅವಳಿಗೆ ಇಪ್ಪತ್ತೈದು ವರ್ಷ, ಅಂದರೆ ಈಗಿನ ಸೊಸೆಗಿಂತ ಚಿಕ್ಕವಳು. ನನಗೆ ಅಳು ಬಂತು. ಕಂಡಕ್ಟರು ಅಳಬಾರದೆಂಬ ನಿಯಮವೇನೂ ಇಲ್ಲ.

"ಹೇಳಿ ಹೋಗಬೇಕಿತ್ತು," ಎಂದಳು ಅವ್ವ, ಸೊಪ್ಪು ಬಿಡಿಸುತ್ತಲೇ. "ನೀ ಅತ್ತರ ಅಳ್ತಿದ್ದಿ. ಹೇಳಿ ಹೋಗಬೇಕಿತ್ತು."

ಮರುದಿನದಿಂದ ಕಾಗೆಗೆ ರಜೆ ಕೊಟ್ಟೆವು. ಸುಜಾತಾ ಮಗಳ ಎದುರೇ ಚಪ್ಪಲಿ ಹಾಕಿಕೊಂಡು, "ನಾ ಸಾಲಿಗಿ ಹೋಗ್ತೇನಿ, ಸಂಜಿಕ ಬರ್ತೇನಿ," ಎಂದಳು. ಸಾನ್ವಿ ಅತ್ತ ಅಳುವಿಗೆ ಅಕ್ಕಪಕ್ಕದವರು ಹೊರಗೆ ಬಂದರು. ನನ್ನ ಮುಖವೆಲ್ಲ ಪರಚಿದಳು. ನಾನು ಅವಳನ್ನು ಎತ್ತಿಕೊಂಡು ಬಸ್ ಸ್ಟ್ಯಾಂಡಿಗೇ ನಡೆದೆ. ಸೊಸೆ ಕಿಟಕಿಯ ಹತ್ತಿರ ಕುಳಿತು ಕಾಣುವವರೆಗೂ ಕೈ ಬೀಸಿದಳು. ಸಂಜೆ ಅದೇ ಜಾಗದಲ್ಲಿ ನಿಂತು ಇಳಿಸಿಕೊಂಡೆವು. ಹೋಗುವುದನ್ನಷ್ಟೇ ತೋರಿಸಿದರೆ ಪಾಠ ಅರ್ಧವಾಯಿತು ಎಂದು ನನ್ನ ಅನುಭವವೇ ಹೇಳಿತ್ತು.

ಅಳು ಒಂದೇ ದಿನಕ್ಕೆ ನಿಲ್ಲಲಿಲ್ಲ. ಮೂರನೆಯ ವಾರ ನನ್ನ ಹಳೆಯ ವೃತ್ತಿಯ ಒಂದು ಗುಟ್ಟನ್ನು ಅವಳಿಗೆ ಕೊಟ್ಟೆ: "ರೈಟ್" ಎನ್ನುವವರೆಗೆ ಬಸ್ಸು ಹೊರಡುವುದಿಲ್ಲ. ಕಂಡಕ್ಟರು ನನ್ನ ಜೊತೆ ಕೆಲಸ ಮಾಡಿದವನು, ನನ್ನ ಮುಖ ನೋಡಿ ಕಾದ. ಸಾನ್ವಿ ತಾಯಿಯನ್ನು ನೋಡಿದಳು, ಬಸ್ಸನ್ನು ನೋಡಿದಳು, ಮೂಗು ಸೋರಿಸುತ್ತಲೇ "ರೈಟ್" ಅಂದಳು. ತನ್ನ ತಾಯಿಯನ್ನು ತಾನೇ ಕಳಿಸಿಕೊಟ್ಟಳು. ಈಗ ಬೆಳಿಗ್ಗೆ ಚಪ್ಪಲಿ ತಂದಿಡುವವಳೂ ಅವಳೇ, ಎಡಗಡೆಯದು ಬಲಕ್ಕೆ ಇಡುತ್ತಾಳೆ ಅನ್ನುವುದು ಬಿಟ್ಟರೆ ತಪ್ಪಿಲ್ಲ. ಸೊಸೆ ಶಾಲೆ ಬಿಡುವ ಮಾತು ಮತ್ತೆ ಎತ್ತಿಲ್ಲ.

ಕಳೆದ ಭಾನುವಾರ ಹಿತ್ತಲಿನಲ್ಲಿ ಕುಳಿತಿದ್ದೆವು. ಸುಜಾತಾ ಬಟ್ಟೆ ಒಣಗಿಸುತ್ತಿದ್ದಳು. ಯಾರಿಗೂ ಎಲ್ಲಿಗೂ ಹೋಗುವುದಿರಲಿಲ್ಲ. ಬೇವಿನ ಗಿಡಕ್ಕೆ ಒಂದು ಕಾಗೆ ಬಂದು ಕೂತಿತು. ಸಾನ್ವಿ ತಾಯಿಯ ಕಡೆ ನೋಡಲೇ ಇಲ್ಲ. ನನ್ನ ಗದ್ದ ಹಿಡಿದು ಮೇಲೆತ್ತಿ, "ಮುತ್ಯಾ, ಕಾಗಿ ನೋಡು," ಎಂದಳು. ನಾನು ಥಟ್ಟನೆ ತಿರುಗಿ ನೋಡಿದ್ದು ಬಾಗಿಲನ್ನು.

ಬಾಗಿಲಲ್ಲಿ ಅವ್ವ ಕುಳಿತಿದ್ದಳು. ನಾನು ನೋಡಿದ್ದು ಯಾಕೆಂದು ಅವಳಿಗೆ ತಿಳಿಯಿತು.

"ಇಲ್ಲೇ ಅದೀನಿ," ಎಂದಳು. "ಕಾಗಿ ನೋಡು."

ನೋಡಿದೆ. ಅರವತ್ತು ವರ್ಷದ ಮೇಲೆ ಒಂದು ಕಾಗೆಯನ್ನು ನಿಶ್ಚಿಂತೆಯಿಂದ ನೋಡಿದೆ. ಪರವಾಗಿಲ್ಲ, ಪಕ್ಷಿ ಚಂದವೇ ಇದೆ.