ಪಕ್ಕದ ಸೀಟು

ಹಂಪ್ ಹತ್ತಿದಾಗೆಲ್ಲ ಕಾರಿನ ಮುಂಭಾಗದಲ್ಲಿ ಟಕ್ ಎನ್ನುತ್ತಿತ್ತು. ಮಗಳ ಕಾಲೇಜಿಗೆಂದು ಊರಿಗೆ ಹೋಗುವ ಮೊದಲೇ ಹೆಂಡತಿ ಆ ಶಬ್ದದ ಬಗ್ಗೆ ಹೇಳಿದ್ದಳು. ನನಗೆ ಕೇಳಿಸಿದ್ದು ಅವಳು ಹೋಗಿ ಆರು ತಿಂಗಳಾದ ಮೇಲೆ.

ನಾನಿರುವ ಬಹರೈನಿನ ಟುಬ್ಲಿಯಲ್ಲಿ ನಮ್ಮ ಉಳ್ಳಾಲ ಕಡೆಯ ಮೆಕ್ಯಾನಿಕ್ ಒಬ್ಬರಿದ್ದಾರೆ. ಶಬ್ದ ಕೇಳಲು ಪಕ್ಕದಲ್ಲಿ ಕೂತವರು, ಕಾಲಿಗೆ ಜಾಗ ಸಾಲದೆ, ನಾನು ತಡೆಯುವಷ್ಟರಲ್ಲಿ ಸೀಟನ್ನು ಹಿಂದಕ್ಕೆ ತಳ್ಳಿಬಿಟ್ಟರು. ಅಲ್ಲಿವರೆಗೆ ಅದು ಅವಳು ಇಟ್ಟಲ್ಲೇ ಇತ್ತು.

"ಚಕ್ರ ಹಿಡಿಯುವ ಆರ್ಮ್ ಉಂಟಲ್ಲ, ಅದರ ರಬ್ಬರ್ ಬುಶ್ ಸವೆದು ಹೋಗಿದೆ ಸರ್, ಎರಡೂ ಕಡೆ ಹೊಸ ಆರ್ಮ್ ಹಾಕುವ," ಎಂದರು.

ಸಂಜೆಗೆ ಶಬ್ದ ಹೋಯಿತು. ಮನೆಯೆದುರು ನಿಲ್ಲಿಸಿ ಸೀಟನ್ನು ಹಿಂದೆ ಮುಂದೆ ಎಳೆದು ನೋಡಿದೆ. ಹಳೆಯ ಜಾಗ ಸಿಗಲಿಲ್ಲ. ಸೀಟು ಎಲ್ಲಿತ್ತೆಂದು ಅವಳಿಗೆ ಫೋನ್ ಮಾಡಿ ಕೇಳಿದೆ.

"ಇಲ್ಲಿಂದ ಹೇಗೆ ಹೇಳುವುದು ಮಾರಾಯ್ರೆ? ನಾನು ಕೂತರೆ ಗೊತ್ತಾದೀತು," ಎಂದಳು.

ಆರ್ಮ್ ಬದಲಿಸಿದಾಗ ಓರೆಯಾದ ಚಕ್ರವನ್ನು ಮೊದಲಿನ ಜಾಗಕ್ಕೆ ತರುವ ಅಲೈನ್‌ಮೆಂಟಿಗಾದರೆ ಟುಬ್ಲಿಯಲ್ಲಿ ಮೆಷಿನ್ ಇದೆ.